ವಾದ್ಯ ತೆಗೆದರೆ ಹಾಡು ಶುದ್ಧವಾಗುವುದೇ?

ಅಮೆರಿಕದ ಟೆಕ್ಸಾಸ್ ಮೂಲದ ಪೆಂಟಟೋನಿಕ್ಸ್ ಎಂಬ ಐವರ ಗಾಯನ ತಂಡವು 2013ರಲ್ಲಿ ಒಂದು ವೀಡಿಯೊ ಬಿಡುಗಡೆ ಮಾಡಿತು. ಫ್ರಾನ್ಸಿನ ಡಾಫ್ಟ್ ಪಂಕ್ ಜೋಡಿಯ ನೃತ್ಯಗೀತೆಗಳನ್ನು ಒಂದಕ್ಕೊಂದು ಪೋಣಿಸಿ, ಯಾವ ವಾದ್ಯವನ್ನೂ ಬಳಸದೆ ಅವರು ಅದರಲ್ಲಿ ಹಾಡಿದ್ದರು. ಡಾಫ್ಟ್ ಪಂಕ್‌ನವರು ಯಂತ್ರಮಾನವರ ಶಿರಸ್ತ್ರಾಣ ತೊಟ್ಟು, ಮನುಷ್ಯನ ದನಿಯನ್ನೇ ಯಂತ್ರದ ದನಿಯಾಗಿ ಮಾರ್ಪಡಿಸಿ ಹೆಸರಾದವರು. ಈ ಐವರು ಅದನ್ನು ಮರಳಿ ಕೊರಳಿಗೆ ತಂದರು. ಒಬ್ಬರು ತುಟಿ, ನಾಲಿಗೆಗಳಿಂದಲೇ ಡ್ರಮ್ಮಿನ ಸದ್ದು ಹೊರಡಿಸುತ್ತಾರೆ. ಇನ್ನೊಬ್ಬರ ಮಂದ್ರಸ್ವರವು ಬೇಸ್ ಗಿಟಾರಿನ ಸ್ಥಾನವನ್ನು ತುಂಬುತ್ತದೆ. 2015ರಲ್ಲಿ ಅದಕ್ಕೆ ಗ್ರ್ಯಾಮಿ ಪ್ರಶಸ್ತಿಯೂ ಸಂದಿತು.

ಇಂತಹ ಹಾಡುಗಳು ಯುವಜನರನ್ನು ಸೆಳೆಯುವುದರಲ್ಲಿ ಆಶ್ಚರ್ಯವೇನಿಲ್ಲ. ನೃತ್ಯಗೀತೆಯ ಯಂತ್ರತಾಳವು ಮೊದಲಿನಿಂದ ಕೊನೆಯವರೆಗೆ ಕೂದಲೆಳೆಯಷ್ಟೂ ಬದಲಾಗುವುದಿಲ್ಲ. ಮನುಷ್ಯನ ಕೊರಳು ಹಾಗಲ್ಲ. ಅದು ಉಸಿರೆಳೆದುಕೊಳ್ಳುತ್ತದೆ, ತುಸು ನಡುಗುತ್ತದೆ, ಪಕ್ಕದವರ ದನಿಗೆ ಕಿವಿಗೊಟ್ಟು ತನ್ನನ್ನು ಹೊಂದಿಸಿಕೊಳ್ಳುತ್ತದೆ. ಪರಿಚಿತ ಹಾಡೊಂದು ಬರಿಯ ಉಸಿರಿನಿಂದ ಕಟ್ಟಲ್ಪಡುವುದನ್ನು ಕೇಳುವಾಗ ಅಲ್ಲಾಹನು ಮಾನವನಿಗಿತ್ತ ಕಂಠವೆಂಬ ಅನುಗ್ರಹದ ಅರಿವು ಒಂದು ಕ್ಷಣವಾದರೂ ಮೂಡದಿರದು.

ಆದರೆ ಮುಸ್ಲಿಮ್ ಮನೆಗಳಲ್ಲಿ ಇದಕ್ಕೆ ಇನ್ನೊಂದು ಆಕರ್ಷಣೆಯಿದೆ. ಬುಖಾರಿಯಲ್ಲಿರುವ ವಾದ್ಯಗಳ ಕುರಿತ ಹದೀಸನ್ನು ಆಧರಿಸಿ ಬಹುಪಾಲು ಕರ್ಮಶಾಸ್ತ್ರ ವಿದ್ವಾಂಸರು ವಾದ್ಯಸಂಗೀತವನ್ನು ನಿಷಿದ್ಧವೆಂದಿದ್ದಾರೆ. ಇಬ್ನು ಹಝ್ಮ್ ಅದನ್ನು ಒಪ್ಪಲಿಲ್ಲ. ನಮ್ಮ ಕಾಲದ ಯೂಸುಫುಲ್ ಖರ್ಝಾವಿಯವರು ಷರತ್ತುಗಳೊಂದಿಗೆ ಅನುಮತಿಸಿದರು. ಈ ಭಿನ್ನಾಭಿಪ್ರಾಯದ ನಡುವೆ ವಾದ್ಯರಹಿತ ನಶೀದ್‌ಗಳು ಬೆಳೆದವು. ಅದು ಒಳ್ಳೆಯದೇ. ಈಗಿನ ಸಮಸ್ಯೆ ಬೇರೆ. ಹಾಡಿನಿಂದ ವಾದ್ಯವನ್ನು ಬೇರ್ಪಡಿಸಿ ದನಿಯನ್ನಷ್ಟೇ ಉಳಿಸುವ ಸ್ಪ್ಲೀಟರ್ ಎಂಬ ತಂತ್ರಾಂಶವನ್ನು ಡೀಝರ್ ಸಂಸ್ಥೆ 2019ರಲ್ಲಿ ಎಲ್ಲರಿಗೂ ಮುಕ್ತಗೊಳಿಸಿತು. ಇಂತಹ ಸಾಧನಗಳು ಕೈಗೆ ಬಂದ ಮೇಲೆ ಯಾವ ಪಾಪ್ ಗೀತೆಯನ್ನೂ, ಯಾವ ಸಿನಿಮಾ ಹಾಡನ್ನೂ ‘ದನಿ ಮಾತ್ರ’ ಎಂಬ ಹಣೆಪಟ್ಟಿಯೊಂದಿಗೆ ಮನೆಯೊಳಗೆ ತರಬಹುದು. ವಾದ್ಯವಿಲ್ಲ, ಆದ್ದರಿಂದ ಹಲಾಲ್ ಎಂಬುದು ಮಕ್ಕಳ ವಾದ. ಎಷ್ಟೋ ಹೆತ್ತವರಿಗೂ ಅಷ್ಟೇ ಸಾಕಾಗಿದೆ.

ಈ ವಾದ ನಿಲ್ಲುವುದಿಲ್ಲ. ಇಮಾಮ್ ಗಝ್ಝಾಲಿಯವರು ಇಹ್ಯಾದಲ್ಲಿ ಗಾನಶ್ರವಣವನ್ನು ಚರ್ಚಿಸುವಾಗ ವಾದ್ಯವೊಂದನ್ನೇ ನೋಡುವುದಿಲ್ಲ. ಹಾಡುವವರು ಯಾರು, ಪದಗಳು ಏನು ಹೇಳುತ್ತವೆ, ಕೇಳುವವನ ಮನಸ್ಸಿನ ಸ್ಥಿತಿ ಎಂತಹದು ಎಂಬುದನ್ನೂ ಬೇರೆಬೇರೆಯಾಗಿ ತೂಗಿ ನೋಡುತ್ತಾರೆ. ಮದ್ಯದ ಅಮಲನ್ನೂ ಒಂದು ರಾತ್ರಿಯ ಸಂಬಂಧವನ್ನೂ ಕೊಂಡಾಡುವ ಗೀತೆಯಿಂದ ಡ್ರಮ್ಮನ್ನು ತೆಗೆದರೆ ಉಳಿಯುವುದೇನು? ಅಬ್ಬರದಲ್ಲಿ ಅರ್ಧ ಮುಳುಗಿದ್ದ ಮಾತುಗಳು ಈಗ ಸ್ಪಷ್ಟವಾಗಿ ಕಿವಿಗೆ ಬೀಳುತ್ತವೆ; ಬೇಗ ಕಂಠಪಾಠವೂ ಆಗುತ್ತವೆ. (ದನಿಯು ವಾದ್ಯದಂತೆಯೇ ಕೇಳಿಸಿದರೆ ಅದಕ್ಕೂ ವಾದ್ಯದ ವಿಧಿಯೇ ಅನ್ವಯವೆನ್ನುವ ವಿದ್ವಾಂಸರೂ ಇದ್ದಾರೆ. ಆ ಸೂಕ್ಷ್ಮಕ್ಕೆ ಹೋಗುವ ಮೊದಲೇ ಪದಗಳ ಪ್ರಶ್ನೆ ಎದುರಾಗುತ್ತದೆ.)

ಹಾಗೆಂದು ಮೊಬೈಲ್ ಕಸಿದುಕೊಂಡು ಗದರಿಸುವ ಹಿರಿಯರ ಪಕ್ಷವನ್ನೂ ವಹಿಸಲಾಗದು. ಸುಂದರ ದನಿಗಾಗಿ ಹಂಬಲಿಸುವುದು ಅಪರಾಧವಲ್ಲ. ಅಬೂ ಮೂಸಲ್ ಅಶ್‌ಅರಿ(ರ)ಯವರ ಕುರ್‌ಆನ್ ಪಾರಾಯಣವನ್ನು ಆಲಿಸಿದ ಪ್ರವಾದಿ(ಸ)ಯವರು ಅದನ್ನು ದಾವೂದ್(ಅ)ರ ಕುಟುಂಬದ ನಾದಕ್ಕೆ ಹೋಲಿಸಿ ಮೆಚ್ಚಿದರು. ಅಝಾನ್‌ನ ಪದಗಳು ಕನಸಿನಲ್ಲಿ ತಿಳಿದುಬಂದದ್ದು ಅಬ್ದುಲ್ಲಾ ಬಿನ್ ಝೈದ್(ರ)ರಿಗೆ. ಆದರೆ ದನಿ ಉತ್ತಮವಾಗಿದ್ದುದರಿಂದ ಕರೆ ಕೊಡುವ ಹೊಣೆ ಬಿಲಾಲ್(ರ)ರಿಗೆ ಸಿಕ್ಕಿತು. ಈದ್‌ನ ದಿನ ಆಯಿಶಾ(ರ)ರ ಬಳಿ ಹಾಡುತ್ತಿದ್ದ ಇಬ್ಬರು ಬಾಲಕಿಯರನ್ನು ಅಬೂಬಕರ್(ರ) ಗದರಿದಾಗ ಪ್ರವಾದಿ(ಸ)ಯವರು ಅವರನ್ನು ಬಿಟ್ಟುಬಿಡುವಂತೆ ಹೇಳಿದರು.

ಈ ಪರಂಪರೆಯ ವಾರಸುದಾರರಾದ ನಾವು ಮಕ್ಕಳ ಕಿವಿಗೆ ಏನು ಕೊಟ್ಟಿದ್ದೇವೆ? ಮೀಲಾದ್ ವೇದಿಕೆಗಳಲ್ಲಿ ಎಷ್ಟೋ ಕಡೆ ಸಿನಿಮಾ ಹಾಡಿನ ಧಾಟಿಗೆ ಪ್ರವಾದಿ ಪ್ರಶಂಸೆಯ ಪದಗಳನ್ನು ಜೋಡಿಸಲಾಗುತ್ತದೆ. ಪುಟ್ಟ ಗಾಯಕನ ಕೊರಳು ಕೇಳಿಸದಷ್ಟು ಎಕೋ ಬೇರೆ.