ಕಿಟಿಕಿಗೆ ಶೀಟು ಕಟ್ಟುವ ಮದಲು

ಮಳೆಗಾಲ ಹತ್ತರೆ ಬಂತು. ಪೇಟೆಲಿ ಅಂಗಡಿಗಳ ಎದುರು ನೀಲಿ ಟರ್ಪಾಲು, ಆಚಿಗೆ ಕಾಂಬ ವಿನೈಲ್ ಶೀಟು ಎಲ್ಲ ಸುರುಳಿ ಸುರುಳಿ ಬಂದು ನಿಂದಿದು. ಎಂಗಳ ಯಜಮಾನ್ರುದೆ ಆಣಿ, ಸುತ್ತಿಗೆ ಹುಡ್ಕುಲೆ ಸುರು ಮಾಡಿದ್ದವು. ಅಕ್ಕಂದಿರೇ, ನಿಂಗಳ ಮನೆಲಿಯುದೆ ಹೀಂಗೇ ಆಗಿಕ್ಕು. ಅದಕ್ಕೇ ಹೇಳುದು: ಕಿಟಿಕಿ ಮುಚ್ಚುಲೆ ಹೆರಡುವ ಮದಲು, ಆ ಕೋಣೆಲಿ ನಾಲ್ಕು ತಿಂಗಳು ಕೂಪವು ಆರು ಹೇಳಿ ಒಂದರಿ ಕೇಳಿ. ಶೀಟು ಬಡಿವದು ಗೆಂಡುಮಕ್ಕೊ, ಹೆರ ನಿಂದೊಂಡು. ಒಳ ಇಪ್ಪದು ನಾವು.

ಶೀಟೇ ಬೇಡ ಹೇಳ್ಲೆ ಎಡಿಯ. ದಕ್ಷಿಣ ಕನ್ನಡಲ್ಲಿ ವರ್ಷಕ್ಕೆ 3,500 ಮಿಲ್ಲಿಮೀಟರಿಂದ ಹೆಚ್ಚು ಮಳೆ, ಅದರ ದೊಡ್ಡ ಪಾಲು ಜೂನಿಂದ ಸಪ್ಟೆಂಬರ್ ಒಳ ಬಿದ್ದು ಮುಗಿತ್ತು. ಪಡುಗಾಳಿ ಬೀಸುವಗ ನೀರು ಮೇಲಂದ ಕೆಳ ಬತ್ತಿಲ್ಲೆ, ಅಡ್ಡ ಬತ್ತು. ಮದಲು ಎನ್ನ ಅಪ್ಪನ ಮನೆಲಿ ಮಡಲು ನೆಯ್ದು ತಟ್ಟಿ ಕಟ್ಟಿಗೊಂಡಿತ್ತಿದ್ದವು. ಅದರ ಮೇಲೆ ನೀರು ಇಳುದು ಹೋಕು, ಎಡೆಲಿ ರಜ ಗಾಳಿ ಒಳ ಬಕ್ಕು. ಈಗ ಮಡಲು ನೆಯ್ವಲೆ ಜೆನ ಎಲ್ಲಿದ್ದವು?

ಎರಡು ವರ್ಷ ಹಿಂದೆ ಎಂಗಳ ಅತ್ತೆಯ ಕೋಣೆಯ ಕಿಟಿಕಿಗೆ ನೀಲಿ ಟರ್ಪಾಲು ಹಾಕಿ ನಾಲ್ಕೂ ಕರೆಗೆ ಆಣಿ ಬಡುದವು. ಒಂದು ಹನಿ ನೀರು ಒಳ ಬಯಿಂದಿಲ್ಲೆ, ಅದು ಅಪ್ಪು. ಅತ್ತೆಗೆ 80 ಕಳುದ್ದು. ಕಾಲುಬೇನೆಲಿ ಜೆಗಿಲಿಗೆ ಬಪ್ಪಲೆ ಎಡಿಯ; ಜಾಲಿಂಗೆ ಆರು ಬಂದವು, ದನ ಎತ್ಲಾಗಿ ಹೋತು, ಎಲ್ಲ ಅವಕ್ಕೆ ಆ ಕಿಟಿಕಿಲೇ ಗೊಂತಪ್ಪದು. ಆಟಿ ತಿಂಗಳಿಲಿ ಒಂದು ದಿನ ಆನು ಮೂರು ಗಂಟೆಗೆ ಕಾಪಿ ತೆಕ್ಕೊಂಡು ಹೋಪಗ "ಕಸ್ತಲೆ ಆತನ್ನೆ, ದೇವರಿಂಗೆ ದೀಪ ಮಡುಗಿದೆಯಾ?" ಕೇಳಿದವು. "ಈಗ ಮಧ್ಯಾಹ್ನ ಅತ್ತೆ" ಹೇಳ್ಲೆ ಎನಗೆ ನಾಚಿಕೆ ಆತು. ಅಷ್ಟು ದಿನ ಅವು ಒಂದು ಮಾತು ದೂರಿದ್ದವಿಲ್ಲೆ.

ಮರುವರ್ಷ ಆಚಿಗೆ ಕಾಂಬ ವಿನೈಲ್ ಶೀಟು ತಂದದು. ಬೆಳಕು ಬಂತು. ಆದರೆ ಮಗ° ಅದಕ್ಕುದೆ ನಾಲ್ಕು ಹೊಡೆಲಿ ಟೇಪು ಅಂಟುಸಿದ°. ಹದಿನೈದು ದಿನಲ್ಲಿ ಶೀಟಿನ ಒಳ ಹೊಡೆಲಿ ಹನಿ ಹನಿ ನೀರು, ಕಿಟಿಕಿ ದಾರಂದಕ್ಕೆ ಬೂಷ್ಟು, ಕವಾಟಿಲಿ ಮಡುಗಿದ ಸೀರೆಗೆ ವಾಸನೆ, ಅತ್ತೆಗೆ ಸೆಮ್ಮ. "ನೀರು ಎಲ್ಲಿಂದ ಬತ್ತು?" ಹೇಳಿ ಅವ° ಹೆರಾಣ ಗೋಡೆಯನ್ನೇ ನೋಡಿದ°. ಹೆರಂದ ಅಲ್ಲ ಮಾಣೀ! ನಮ್ಮ ಉಸಿರು, ಒಣಗುಲೆ ಹಾಕಿದ ವಸ್ತ್ರದ ಪಸೆ, ಎಲ್ಲ ಕೋಣೆಯ ಗಾಳಿಲಿ ಇರ್ತು. ತಂಪಿನ ಶೀಟಿಂಗೆ ತಾಗಿ ನೀರಾವುತ್ತು. ಅನ್ನದ ಪಾತ್ರದ ಮುಚ್ಚಲಿನ ಅಡಿಲಿ ಹನಿ ನಿಂಬ ಹಾಂಗೇ. ಇದು ನವಗೆ ನಿತ್ಯ ಕಾಂಬ ವಿಷಯ. ಆದರೆ ಶೀಟಿನ ಬಗ್ಗೆ ನಮ್ಮ ಹತ್ತರೆ ಆರು ಕೇಳ್ತವು?

ಮತ್ತೆ ಆನೇ ನಿಂದು ಬೇರೆ ಹಾಂಗೆ ಕಟ್ಟುಸಿದೆ. 0.5 ಮಿಲ್ಲಿಮೀಟರ್ ದಪ್ಪದ ಶೀಟು, ಕಿಟಿಕಿಂದ ಎರಡೂ ಹೊಡೆಂಗೆ ಒಂದೊಂದು ಗೇಣು ಹೆಚ್ಚು ಅಗಲ, ಅಡಿಂಗೆ ಮತ್ತೂ ರಜ ಹೆಚ್ಚು. ಮೇಲಾಣ ಕರೆಯ ಎರಡು ಮಡಿಕೆ ಮಾಡಿ, ಮಾಡಿನ ಪಕ್ಕಾಸಿಂಗೆ ರೀಪು ಒತ್ತಿ ಸ್ಕ್ರೂ ಹಾಕಿದ್ದು. ಬರೀ ಆಣಿ ಬಡುದರೆ ಗಾಳಿಗೆ ಆಣಿಯ ಹತ್ತರಂದಲೇ ಹರಿತ್ತು. ಅಡಿಯಾಣ ಕರೆಲಿ ಒಂದು ಪೈಪು ಸೇರುಸಿದ್ದು, ಭಾರಕ್ಕೆ. ಪೈಪಿನ ಎರಡು ಕೊಡಿಗೆ ಬಳ್ಳಿ ಕಟ್ಟಿ, ರಜ ಸಡಿಲ ಬಿಟ್ಟು ಗೋಡೆಯ ಕೊಕ್ಕೆಗೆ ಸಿಕ್ಕುಸುದು. ಅಡಿಯೂ ಬದಿಯೂ ಮುಚ್ಚಿದ್ದಿಲ್ಲೆ. ಗೋಡೆಗೂ ಶೀಟಿಂಗೂ ಎಡೆಲಿ ಒಂದು ಗೇಣು ಜಾಗೆ. ಮಳೆ ಬಿಟ್ಟಪ್ಪಗ ಬಳ್ಳಿ ಬಿಡುಸಿ, ಸುತ್ತಿ ಮೇಲೆ ಕಟ್ಟುಲಕ್ಕು. ಜೋರು ಗಾಳಿಗೆ ನಾಲ್ಕು ಹನಿ ಒಳ ಬತ್ತು, ಇಲ್ಲೆ ಹೇಳ್ತಿಲ್ಲೆ. ಒಂದು ಹಳೆ ವಸ್ತ್ರಲ್ಲಿ ಉದ್ದಿರೆ ಆತು. ಬೂಷ್ಟು ಹಾಂಗೆ ಉದ್ದಿರೆ ಹೋವುತ್ತೋ?

ಈ ವರ್ಷ ಅಟ್ಟುಂಬೊಳದ ಕಿಟಿಕಿಗುದೆ ಬಡಿವದು ಹೇಳಿ ಇವರ ಲೆಕ್ಕಾಚಾರ. ಅಲ್ಲಿ ಎಂತದೂ ಮುಚ್ಚಲಾಗ ಹೇಳಿ ಎನ್ನ ಹಟ. ಗೇಸು, ಸೌದಿ ಒಲೆ ಎರಡೂ ಹೊತ್ತುವ ಜಾಗೆ. ಹೊಗೆ ಹೋಪಲೆ ದಾರಿ ಬೇಕು.

ಇನ್ನೊಂದು. ಹರುದ ಶೀಟಿನ ಸುಮಾರು ಮನೆಲಿ ಬೆಶಿನೀರ ಒಲೆಗೆ ಹಾಕುತ್ತವು, ಕಿಚ್ಚು ಬೇಗ ಹಿಡಿತ್ತು ಹೇಳಿ. ವಿನೈಲ್ ಹೇಳಿರೆ ಪಿವಿಸಿ, ಅದರ್ಲಿ ಕ್ಲೋರಿನ್ ಇದ್ದು. ಹೊತ್ತಿರೆ ಹೈಡ್ರೋಜನ್ ಕ್ಲೋರೈಡ್ ಹೇಳ್ತ ಆಮ್ಲದ ಹೊಗೆ ಬತ್ತು. ಕಣ್ಣು, ಗೆಂಟಲು ಉರಿತ್ತು. ಆ ಒಲೆಯ ಎದುರು ಕೂದು ಊದುದುದೆ ನಾವೇ ಅಲ್ದೋ?

ಎಂಗಳ ಶೀಟಿನ ಕಳುದ ವರ್ಷ ಮಳೆ ಹೋದ ಮೇಲೆ ಸಾಬೂನು ನೀರಿಲಿ ತೊಳದು, ನೆರಳಿಲಿ ಒಣಗುಸಿ, ಮಡುಸದ್ದೆ ಸುರುಳಿ ಮಾಡಿ ಅಟ್ಟಲ್ಲಿ ಮಡುಗಿದ್ದೆ. ಮಡುಸಿರೆ ಗೆರೆ ಬಿದ್ದು ಅಲ್ಲೇ ಹರಿತ್ತು, ಬೆಶಿಲಿಲಿ ಬಿಟ್ಟರೆ ಹಳದಿ ಆವುತ್ತು. ನಾಳ್ದು ಆಯಿತ್ಯವಾರ ಪುನಾ ಕಟ್ಟುದು. ಅಳತೆ ನೋಡೆಕ್ಕಾರೆ ಬನ್ನಿ. ಅತ್ತೆ ಕಿಟಿಕಿಲೇ ಇರ್ತವು, ನಿಂಗೊ ಜಾಲಿಂಗೆ ಎತ್ತುವಗಳೇ ಎನ್ನ ದಿನಿಗೇಳುಗು.