ಎತ್ತಿಗೆ ಜ್ವರ, ಎಮ್ಮೆಗೆ ಬರೆ

ದಾಂಡೇಲಿಯ ಕಾಗದದ ಮಿಲ್ಲಿಗೆ ಕಟ್ಟಿಗೆ ಹೇರಿಕೊಂಡು ಬಂದ ಲಾರಿ ರಸ್ತೆ ಬದಿಗೆ ನಿಂತಿದೆ. ಇಂಜಿನ್ ಸದ್ದು ಸರಿಯಿದೆ. ಡೀಸೆಲ್ ಇದೆ. ಟೈರೂ ಗಟ್ಟಿ. ಆದರೆ ಡ್ರೈವರನ ಮುಂದೆ ಹಳದಿ ದೀಪ ಹೊತ್ತಿಕೊಂಡು ಏನೋ ಅಂಕಿ ತೋರಿಸುತ್ತಿದೆ, ಏರಿನಲ್ಲಿ ಗಾಡಿ ಎಳೆಯುತ್ತಿಲ್ಲ. ಕ್ಲೀನರ್ ಓಡಿಹೋಗಿ ಕರೆತಂದ ಎಲೆಕ್ಟ್ರಿಶಿಯನ್ ಬಗ್ಗಿ ನೋಡಿ ಕೈ ಕೊಡವುತ್ತಾನೆ: "ಇದು ಕಂಪ್ಯೂಟರ್ ಗಾಡಿ ರೀ, ನಮ್ಮ ಕೈಯಾಗಿಲ್ಲ. ಹುಬ್ಬಳ್ಳಿಗೆ ಒಯ್ರಿ."

ಇದು ಯಾವುದೋ ಒಂದು ದಿನದ ಕಥೆಯಲ್ಲ. 2020ರ ಏಪ್ರಿಲ್ 1ರಿಂದ ಬಿಎಸ್-6 ನಿಯಮ ಬಂದ ಮೇಲೆ ಹೊಸ ಲಾರಿಗಳಲ್ಲಿ ಹೊಗೆ ಶುದ್ಧಿಗೆ ಯೂರಿಯಾ ದ್ರಾವಣ, ಅದಕ್ಕೊಂದು ಪಂಪು, ಕಾವಲಿಗೆ ಹತ್ತಾರು ಸೆನ್ಸರು ಸೇರಿಕೊಂಡಿವೆ. ಹೊಗೆಗೆ ಸಂಬಂಧಪಟ್ಟ ದೋಷ ಕಂಡು ಅದನ್ನು ಸರಿಪಡಿಸದೆ ಓಡಿಸಿದರೆ ಗಾಡಿ ತಾನಾಗಿಯೇ ತನ್ನ ಶಕ್ತಿ ಇಳಿಸಿಕೊಳ್ಳುತ್ತದೆ. ಗಾಳಿ ಶುದ್ಧವಾಗಲಿ, ಬೇಡವೆಂದವರು ಯಾರೂ ಇಲ್ಲ. ಆದರೆ ಆ ದೀಪ ಏನು ಹೇಳುತ್ತಿದೆ ಎಂದು ಓದಬಲ್ಲವರು ನಮ್ಮ ನಾಲ್ಕು ತಾಲೂಕಿನಲ್ಲಿ ಎಷ್ಟು ಮಂದಿ?

ಓದುವುದು ಬ್ರಹ್ಮವಿದ್ಯೆಯೇನೂ ಅಲ್ಲ. ಭಾರಿ ವಾಹನಗಳಲ್ಲಿ ಬಳಕೆಯಲ್ಲಿರುವ ಜೆ-1939 ಎಂಬ ಪದ್ಧತಿಯಲ್ಲಿ ಕೋಡಿಗೆ ಎರಡು ಅಂಕಿ. ಮೊದಲನೆಯದು ಯಾವ ಜಾಗ ಎನ್ನುತ್ತದೆ, ಎರಡನೆಯದು ಯಾವ ತರಹದ ತೊಂದರೆ ಎನ್ನುತ್ತದೆ. 100 ಎಂದರೆ ಇಂಜಿನ್ ಆಯಿಲ್ ಒತ್ತಡ. 100ರ ಜೊತೆ 1 ಬಂದರೆ ಒತ್ತಡ ಅಪಾಯದ ಮಟ್ಟಕ್ಕೆ ಇಳಿದಿದೆ, ತಕ್ಷಣ ಇಂಜಿನ್ ಬಂದ್ ಮಾಡು ಎಂದರ್ಥ. ಅದೇ 100ರ ಜೊತೆ 4 ಬಂದರೆ ಆ ಸೆನ್ಸರಿನ ದಾರಿಯಲ್ಲಿ ವೋಲ್ಟೇಜ್ ಕಡಿಮೆ. ವೈರು ತಿಕ್ಕಿ ಬಾಡಿಗೆ ತಾಗಿರಬಹುದು, ಸೆನ್ಸರೇ ಕೆಟ್ಟಿರಬಹುದು. ಒಂದು ಇಂಜಿನ್ನಿನ ಪ್ರಾಣದ ಪ್ರಶ್ನೆ, ಇನ್ನೊಂದು ಒಂದು ಗೇಣು ವೈರಿನ ಪ್ರಶ್ನೆ ಆದೀತು. ಎರಡನೇ ಅಂಕಿ ನೋಡದವನಿಗೆ ಎರಡೂ ಒಂದೇ!

ಆಗುವುದು ಏನು? ವೈರು ಹರಿದ ಗಾಡಿಗೆ ಹೊಸ ಸೆನ್ಸರು ಬೀಳುತ್ತದೆ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಳೆದ ಹಾಗೆ. ದೀಪ ಆರುವುದಿಲ್ಲ, ಜೇಬು ಬರಿದಾಗುತ್ತದೆ. ಇಲ್ಲವೇ ಯಾರೋ ಅಗ್ಗದ ಸ್ಕ್ಯಾನರು ಚುಚ್ಚಿ ಕೋಡು ಅಳಿಸಿ ಕಳಿಸುತ್ತಾರೆ. ಹತ್ತು ಮೈಲಿ ಹೋದ ಮೇಲೆ ಮತ್ತೆ ಅದೇ ದೀಪ. ಹೀಗೆ ನಾಲ್ಕು ಸಲ ಆದ ಮೇಲೆ ಡ್ರೈವರ್ ದೀಪ ನೋಡುವುದನ್ನೇ ಬಿಡುತ್ತಾನೆ. ಐದನೇ ಸಲ ಬಂದದ್ದು ನಿಜವಾದ ಆಯಿಲ್ ಒತ್ತಡದ ಕೋಡಾದರೆ? ಅಣಶಿ ಘಟ್ಟ ಇಳಿಯುವಾಗ ಹೊತ್ತಿದ್ದು ಬ್ರೇಕಿನ ದೀಪವಾದರೆ?

ಗಾಡಿ ನಿಂತರೆ ಮಾಲೀಕನೊಬ್ಬನಿಗೇ ನಷ್ಟವಲ್ಲ. ಹಳಿಯಾಳದ ಸಕ್ಕರೆ ಕಾರ್ಖಾನೆಗೆ ಹೊರಟ ಕಬ್ಬು ಬಿಸಿಲಲ್ಲಿ ನಿಂತಷ್ಟೂ ತೂಕ ಕಳೆದುಕೊಳ್ಳುತ್ತದೆ; ಅದು ರೈತನ ಹೊಟ್ಟೆಗೆ ಹೊಡೆತ. ಮುಂಡಗೋಡದ ಗೋವಿನಜೋಳದ ಲೋಡೂ ಅಷ್ಟೆ, ಮಳೆಗೆ ಸಿಕ್ಕರೆ ಮುಗಿಯಿತು. ಜೋಯಿಡಾದ ಕಾಡಿನಲ್ಲಿ ನಿಂತರಂತೂ ಫೋನು ಸಿಗದ ಜಾಗವೇ ಹೆಚ್ಚು.

ನಮ್ಮ ಕಡೆಯ ಮಳೆ, ಕೆಂಪು ಧೂಳು, ಇಲಿ, ಮೂರೂ ವೈರಿಂಗಿನ ಶತ್ರುಗಳು. ಕನೆಕ್ಟರಿನೊಳಗೆ ನೀರು ಹೊಕ್ಕು ಹಸಿರು ಕಿಲುಬು ಕಟ್ಟುತ್ತದೆ, ಚಾಸಿಯ ಅರ್ಥಿಂಗ್ ಬೋಲ್ಟು ತುಕ್ಕು ಹಿಡಿಯುತ್ತದೆ. ಜೊತೆಗೆ ನಾವೇ ಮಾಡಿಕೊಂಡ ಅನಾಹುತಗಳೂ ಇವೆ. 24 ವೋಲ್ಟಿನ ಗಾಡಿಯ ಎರಡು ಬ್ಯಾಟರಿಗಳಲ್ಲಿ ಒಂದರಿಂದ ಮಾತ್ರ 12 ವೋಲ್ಟು ಎಳೆದು ಟೇಪು, ಬಣ್ಣದ ಲೈಟು ಹಚ್ಚುವುದು; ಬ್ಯಾಟರಿ ವೈರು ಬಿಚ್ಚದೆ ಚಾಸಿಗೆ ವೆಲ್ಡಿಂಗ್ ಹೊಡೆಸುವುದು. ಆ ಮೇಲೆ "ಕಂಪ್ಯೂಟರ್ ಸುಟ್ಟಿತು" ಎಂದು ಹಣೆ ಬಡಿದುಕೊಂಡರೆ ಯಾರೇನು ಮಾಡಿಯಾರು?

ಕೆಲಸದ ಕ್ರಮ ಸರಳ. ಕೋಡಿನ ಎರಡೂ ಅಂಕಿ ಮೊದಲು ಬರೆದಿಡಬೇಕು, ಅಳಿಸುವುದು ಆಮೇಲೆ. ಬ್ಯಾಟರಿ, ಅರ್ಥಿಂಗ್ ನೋಡಬೇಕು. ಕನೆಕ್ಟರ್ ಬಿಚ್ಚಿ ಕಿಲುಬು ನೋಡಬೇಕು. ವೈರನ್ನು ಮೀಟರಿನಿಂದ ಅಳೆಯಬೇಕು. ಕಂಪ್ಯೂಟರುಗಳು ಒಂದಕ್ಕೊಂದು ಮಾತಾಡುವ ಜೋಡಿ ವೈರು ಇದೆಯಲ್ಲ, ಬ್ಯಾಟರಿ ತೆಗೆದು ಅಳೆದರೆ ಅದು ಸುಮಾರು 60 ಓಮ್ ತೋರಿಸಬೇಕು. 120 ತೋರಿಸಿದರೆ ಒಂದು ತುದಿ ಕಡಿದಿದೆ ಎಂದೇ ಲೆಕ್ಕ. ಇಷ್ಟೆಲ್ಲ ಆದ ಮೇಲೆ ಹೊಸ ಸಾಮಾನಿನ ಮಾತು. ಇದಕ್ಕೆ ಬೇಕಾದದ್ದು ಒಂದು ಮೀಟರು, ಒಂದು ವೈರಿಂಗ್ ನಕ್ಷೆ ಮತ್ತು ತಾಳ್ಮೆ.

ಮೀಟರು ಅಂಗಡಿಯಲ್ಲಿ ಸಿಗುತ್ತದೆ. ನಕ್ಷೆ? ಕಂಪನಿಗಳ ಕಪಾಟಿನಲ್ಲಿದೆ. ಬಿಡಿಭಾಗ ಮತ್ತು ದೋಷ ಪತ್ತೆಯ ಉಪಕರಣಗಳನ್ನು ಹೊರಗಿನ ಗ್ಯಾರೇಜುಗಳಿಗೆ ಕೊಡುತ್ತಿಲ್ಲವೆಂದು ಭಾರತೀಯ ಸ್ಪರ್ಧಾ ಆಯೋಗ 2014ರಲ್ಲೇ 14 ಕಾರು ಕಂಪನಿಗಳಿಗೆ ದಂಡ ಹಾಕಿತ್ತು. ಪ್ರಕರಣ ಮೇಲ್ಮನವಿಯ ಮೆಟ್ಟಿಲು ಹತ್ತಿತು. 2022ರ ಡಿಸೆಂಬರಿನಲ್ಲಿ ಕೇಂದ್ರ ಸರ್ಕಾರ "ದುರಸ್ತಿಯ ಹಕ್ಕು" ಹೆಸರಿನ ಪೋರ್ಟಲ್ ತೆರೆಯಿತು. ದಿಲ್ಲಿಯಲ್ಲಿ ತೆರೆದ ಬಾಗಿಲು ದಾಂಡೇಲಿಯ ಗ್ಯಾರೇಜಿನವನಿಗೂ ತೆರೆಯಬೇಡವೇ?

ಅಲ್ಲಿಯತನಕ ಕೈಕಟ್ಟಿ ಕೂರಬೇಕಾಗಿಲ್ಲ. ಹಳಿಯಾಳದಲ್ಲೇ ಕೆಎಲ್ಎಸ್ ಸಂಸ್ಥೆಯ ಇಂಜಿನಿಯರಿಂಗ್ ಕಾಲೇಜಿದೆ. ಗ್ರಾಮೀಣ ಯುವಕರಿಗೆ ಊಟ-ವಸತಿ ಸಹಿತ ಪುಕ್ಕಟೆ ತರಬೇತಿ ಕೊಡುವ ಕೆನರಾ ಬ್ಯಾಂಕ್ ದೇಶಪಾಂಡೆ ಆರ್‌ಸೆಟಿ ಇದೆ. ಈ ಎರಡೂ ಸೇರಿ ಭಾರಿ ವಾಹನದ ವೈರಿಂಗ್ ಮೇಲೆ ಕನ್ನಡದಲ್ಲಿ ಒಂದು ತಿಂಗಳ ತರಬೇತಿ ನಡೆಸಲಿ. ಲಾರಿ ಮಾಲೀಕರು ಪಟ್ಟಿ ಹಾಕಿ ಊರಿಗೊಂದು ಒಳ್ಳೆಯ ಸ್ಕ್ಯಾನರು ಕೊಳ್ಳಲಿ. ಇಪ್ಪತ್ತು ವರ್ಷ ಡೈನಮೋ, ಸ್ಟಾರ್ಟರು ಬಿಚ್ಚಿ ಕೈ ಪಳಗಿಸಿಕೊಂಡ ಮಿಸ್ತ್ರಿಗೆ ಈ ಅಂಕಿ ಕಲಿಯುವುದು ಕಷ್ಟವಲ್ಲ. ಕಲಿಸುವವರು ಬೇಕು, ಅಷ್ಟೆ.

ಕೋಡು ಎನ್ನುವುದು ತೀರ್ಪಲ್ಲ, ವಿಳಾಸ. ವಿಳಾಸ ಹಿಡಿದು ಮನೆ ಹುಡುಕುವ ಕೆಲಸ ಮನುಷ್ಯನದೇ. ಅಂಥ ಮನುಷ್ಯರನ್ನು ನಮ್ಮೂರಲ್ಲೇ ತಯಾರು ಮಾಡಿದರೆ ಹುಬ್ಬಳ್ಳಿಯ ದಾರಿಯಲ್ಲಿ ಸುರಿಯುವ ದುಡ್ಡು ಊರಲ್ಲೇ ಉಳಿದೀತು. ಸಂಬಂಧಪಟ್ಟವರು ಇನ್ನಾದರೂ ಕಣ್ಣು ತೆರೆಯುವರೇ?