ನೈಟಿ ಮೇಲೊಂದು ವೇಲು

ಗೇಟಿನ ಹತ್ರ ಸೊಪ್ಪಿನಜ್ಜಿ ಕೂಗಿದ ತಕ್ಷಣ ನಮ್ಮಮ್ಮ ಚೀಲಕ್ಕಿಂತ ಮೊದಲು ಹುಡುಕೋದು ವೇಲನ್ನು. ಸಿಗದಿದ್ದರೆ ಟವೆಲ್ಲು. ಅದೂ ಸಿಗದಿದ್ದರೆ ಹಗ್ಗದ ಮೇಲೆ ಒಣಗ್ತಿರೋ ಅಪ್ಪನ ಪಂಚೆ. ಕತ್ತಿನಿಂದ ಕಾಲಿನವರೆಗೂ ಮುಚ್ಚುವ ನೈಟಿ ಮೇಲೆ ಇನ್ನೊಂದು ಬಟ್ಟೆ ಯಾಕೆ ಅಂತ ನಾವೆಲ್ಲ ನಕ್ಕಿದ್ದೀವಿ, ಮೀಮ್ ಕೂಡ ಹಂಚಿದ್ದೀವಿ.

ನಗೋಕೆ ನಮಗೇನು ಯೋಗ್ಯತೆ ಇದೆ ಸ್ವಾಮಿ? 2020ರಲ್ಲಿ ವರ್ಕ್ ಫ್ರಂ ಹೋಮ್ ಶುರುವಾದಾಗಿನಿಂದ ನಾವು ಮಾಡ್ತಿರೋದೂ ಅದನ್ನೇ. ಮೇಲೆ ಇಸ್ತ್ರಿ ಮಾಡಿದ ಶರ್ಟು, ಕೆಳಗೆ ಮೂರು ದಿನದ ಚಡ್ಡಿ. ಹಿಂದೆ ಒಣಗಲು ಹಾಕಿದ ಬಟ್ಟೆ ಕಾಣದಿರಲಿ ಅಂತ ಬ್ಲರ್. ಅದೂ ಒಂದು ವೇಲೇ ತಾನೆ?

ಒಂದೇ ವ್ಯತ್ಯಾಸ. ನಮ್ಮ ಚಡ್ಡಿ ಜೋಕು, ಅವರ ನೈಟಿ ಅಪರಾಧ. 2018ರಲ್ಲಿ ಆಂಧ್ರದ ಪಶ್ಚಿಮ ಗೋದಾವರಿ ಜಿಲ್ಲೆಯ ತೋಕಲಪಲ್ಲಿಯ ಹಿರಿಯರು, ಹಗಲು ಹೊತ್ತು ಹೆಂಗಸರು ನೈಟಿ ಹಾಕಿದರೆ 2,000 ರೂಪಾಯಿ ದಂಡ ಅಂದರು. ಚಾಡಿ ಹೇಳಿದವರಿಗೆ 1,000 ಬಹುಮಾನ ಬೇರೆ! ಅದು ಹಳ್ಳಿ, ಬಿಡಿ ಅಂತೀರಾ? 2023ರಲ್ಲಿ ಗ್ರೇಟರ್ ನೋಯ್ಡಾದ ಅಪಾರ್ಟ್‌ಮೆಂಟೊಂದರ ನಿವಾಸಿಗಳ ಸಂಘ, ಲುಂಗಿ-ನೈಟಿಯಲ್ಲಿ ಮನೆಯಿಂದಾಚೆ ಓಡಾಡಬೇಡಿ ಅಂತ ಸುತ್ತೋಲೆ ಹೊರಡಿಸಿತು. ಅಲ್ಲಿರೋದು ನಮ್ಮಂಥವರೇ.

ನೈಟಿ ಹೆಸರಿಗಷ್ಟೇ ರಾತ್ರಿಯದು. ಕುಕ್ಕರ್ ಇಡೋಕೆ, ನೆಲ ಒರೆಸೋಕೆ, ಬಟ್ಟೆ ಒಗೆಯೋಕೆ ಅದೇ ಯೂನಿಫಾರ್ಮು. ಆ ಕೆಲಸದ ಫಲ ಉಂಡು, ಆ ಬಟ್ಟೆಗೆ ಮಾತ್ರ ಮೂಗು ಮುರಿಯೋದು ಯಾವ ಸಭ್ಯತೆ?

ನಾನೂ ಸಾಚಾ ಅಲ್ಲ. ಒಮ್ಮೆ ಮೀಟಿಂಗ್ ನಡುವೆ ಕಾಫಿ ಹಿಡ್ಕೊಂಡು ಬಂದ ಅಮ್ಮನಿಗೆ, ಕ್ಯಾಮೆರಾಗೆ ಕಾಣದ ಹಾಗೆ ಕೈಯಾಡಿಸಿ 'ಹೋಗು' ಅಂದಿದ್ದೆ. ಮೀಟಿಂಗ್ ಮುಗಿಸಿ ಬಾಗಿಲು ತೆಗೆದರೆ ಲೋಟ ಹಿಡಿದು ಅಲ್ಲೇ ನಿಂತಿದ್ದಳು. ಹೆಗಲ ಮೇಲೆ ವೇಲು ಬಂದಿತ್ತು. ಮನೆಯೊಳಗೆ, ಹೆತ್ತ ಮಗನ ಎದುರಿಗೆ. ಕಾಫಿ ಆರಿತ್ತು.

ಗೇಟಿನಾಚೆಯ ಜನರನ್ನು ತಿದ್ದೋದು ಆಮೇಲಿನ ಮಾತು. ಮನೆಯೊಳಗೂ ವೇಲು ಹೊದೆಸಿದವರು ನಾವು, ತೆಗೆಸಬೇಕಾದವರೂ ನಾವೇ. ನಾಳೆಯಿಂದ ನನ್ನ ಮೀಟಿಂಗಲ್ಲಿ ಬ್ಲರ್ ಇರಲ್ಲ. ಅಮ್ಮ ಹೇಗಿದ್ದಾಳೋ ಹಾಗೇ ಬರಲಿ, ಕಾಫಿ ಬಿಸಿಯಾಗಿರಲಿ.

ನನ್ನ ಚಡ್ಡಿ ವಿಷಯ ಮಾತ್ರ ದಯವಿಟ್ಟು ಕೇಳಬೇಡಿ.